ಕತ್ತರಿ ಹಾಕದ ಸೆತ್ತಿಮಿಯೊ

ನಮ್ಮ ಗುಡ್ಡದೂರು ಕಾಸಲ್ವೆಂತೊದಲ್ಲಿ ಮೂವತ್ತು ವರ್ಷ ನಡೆದ ಮದುವೆಗಳನ್ನೆಲ್ಲ ವಿಡಿಯೋ ತೆಗೆದವನು ಸೆತ್ತಿಮಿಯೊ. ಅವನ ಕೈಗೆ ಕ್ಯಾಮೆರಾ ಸಿಕ್ಕಿದರೆ ಮುಗಿಯಿತು, ಮದುವೆಗಿಂತ ಮದುವೆಯ ವಿಡಿಯೋವೇ ಉದ್ದ. ಪಾದ್ರಿ ಕೆಮ್ಮಿದ್ದು, ಬೀಗರು ಕುರ್ಚಿಗಾಗಿ ಮುಖ ಊದಿಸಿಕೊಂಡಿದ್ದು, ಯಾರದೋ ಅಜ್ಜ ಸುಟ್ಟ ಕುರಿಮಾಂಸವನ್ನು ಕೋಟಿನ ಜೇಬಿಗೆ ಇಳಿಸಿದ್ದು, ಯಾವುದೂ ಬಿಟ್ಟುಹೋಗುತ್ತಿರಲಿಲ್ಲ. "ಸ್ವಲ್ಪ ಕತ್ತರಿಸಿ ಕೊಡೋ ಮಾರಾಯ" ಎಂದರೆ, "ಕತ್ತರಿಸೋಕೆ ನಾನೇನು ದರ್ಜಿನಾ?" ಎನ್ನುತ್ತಿದ್ದ. ಬೇರೆಯವರ ಮೇಲೆ ನಂಬಿಕೆಯಿಲ್ಲದೆ ತನ್ನ ಮದುವೆಯನ್ನೂ ತಾನೇ ತೆಗೆದ. ಹಾಗಾಗಿ ಅದರಲ್ಲಿ ಅವನೊಬ್ಬನೇ ಇಲ್ಲ. ಅವನ ಹೆಂಡತಿ ಪಾಲ್ಮಿರಾ ನಗುನಗುತ್ತಾ ಗಾಳಿಗೆ ಉಂಗುರ ತೊಡಿಸುತ್ತಾಳೆ.

ಮಾರ್ಚ್ ತಿಂಗಳ ಒಂದು ಮಂಗಳವಾರ ಮಧ್ಯಾಹ್ನ, ಊರೆಲ್ಲ ಊಟಕ್ಕೆ ಕೂತಿದ್ದಾಗ ಭೂಮಿ ನಡುಗಿತು. ಅರ್ಧ ನಿಮಿಷವೂ ಇಲ್ಲ. ಹನ್ನೊಂದು ಜನ ಹೋದರು, ಊರಿಗೆ ಊರೇ ಕಲ್ಲುಗುಡ್ಡೆಯಾಯಿತು. ಸೆತ್ತಿಮಿಯೊನ ಮೂವತ್ತು ವರ್ಷದ ಟೇಪುಗಳೂ ಅದರಡಿ ಸೇರಿದವು. ಅಂಚೆ ಹಂಚುವ ನನ್ನ ಕೈಯಲ್ಲಿ ಬಾಗಿಲೇ ಇಲ್ಲದ ವಿಳಾಸಗಳು ಉಳಿದವು. ಬದುಕಿದವರನ್ನು ಫುಟ್‌ಬಾಲ್ ಮೈದಾನದ ಮರದ ಗೂಡುಗಳಿಗೆ ತುಂಬಿದರು.

ನೀರಿನ ಲಾರಿಗಿಂತ ಮೊದಲು ಬಂದದ್ದು ಟೀವಿಯವರು. ನೀರಿಗೆ ದಾರಿ ಸರಿಯಿಲ್ಲವಂತೆ, ಕ್ಯಾಮೆರಾಗಳಿಗೆ ಸರಿಯಿತ್ತು. ಒಂದೇ ವಾರದಲ್ಲಿ ನಮ್ಮವರು ಅಳುವುದರಲ್ಲಿ ಪಳಗಿದರು. "ಇನ್ನೊಂದ್ಸಲ ಅಳ್ತೀರಾ, ಬೆಳಕು ಸರಿ ಬಂದಿಲ್ಲ" ಎಂದು ಕೇಳಿದರೂ ಯಾರೂ ಬೇಸರಪಡುತ್ತಿರಲಿಲ್ಲ. ಬಂದಷ್ಟೇ ಬೇಗ ಅವರೆಲ್ಲ ಇನ್ನೊಂದು ಕಡೆ ಪ್ರವಾಹವಾಯಿತೆಂದು ಎದ್ದು ಹೋದರು.

ಸೆಪ್ಟೆಂಬರಿನಲ್ಲಿ, ಬೇಸಿಗೆ ಮುಗಿಯುವಾಗ ಜಿನೆವ್ರಾ ಬಂದಳು. ಮಿಲಾನಿನ ನಿರ್ದೇಶಕಿ. ಉಳಿದವರಂತೆ ಸುದ್ದಿಗೆ ಬಂದವಳಲ್ಲ, ನಮ್ಮನ್ನು ವಾಸಿ ಮಾಡಲು ಬಂದವಳು. ಸಾಕ್ಷ್ಯಚಿತ್ರ ಒಂದು ಔಷಧಿಯಂತೆ, ಕ್ಯಾಮೆರಾದ ಮುಂದೆ ಕೂತರೆ ನೋವು ಕರಗುತ್ತದಂತೆ. ಹೀಗೆಂದು ನಮ್ಮನ್ನೆಲ್ಲ ಊಟದ ಶೆಡ್ಡಿನಲ್ಲಿ ಕೂರಿಸಿ ಒಂದು ಗಂಟೆ ಹೇಳಿದಳು. ಬೆಳಕಿನ ದೀಪ ಹಿಡಿಯಲು ಸೆತ್ತಿಮಿಯೊನನ್ನು ಸೇರಿಸಿಕೊಂಡಳು. ಅವನಿಗೂ ಬೇರೆ ಕೆಲಸವಿರಲಿಲ್ಲ. ಕಲ್ಲುಗುಡ್ಡೆಯ ಮುಂದೆ ಯಾರು ಮದುವೆಯಾಗುತ್ತಾರೆ?

ಜಿನೆವ್ರಾಳ ಕಣ್ಣು ಬಿದ್ದದ್ದು ಎಲ್ವೇತ್ಸಿಯಜ್ಜಿಯ ಮೇಲೆ. ಎಪ್ಪತ್ತು ದಾಟಿದ ಈ ಅಜ್ಜಿ ತಂಗಿ ಇನೆಸ್ ಹುಟ್ಟಿದಂದಿನಿಂದ ಅವಳ ಜೊತೆ ಒಂದೇ ಮನೆಯಲ್ಲಿದ್ದವಳು. ತಂಗಿ ಆ ಮಂಗಳವಾರ ಹೋದಳು. ಅಂದಿನಿಂದ ಅಜ್ಜಿ ಬಾಯಿ ಬಿಟ್ಟಿರಲಿಲ್ಲ. ಡಾಕ್ಟರು, ಪಾದ್ರಿ, ಜಿಲ್ಲೆಯಿಂದ ಬಂದ ಮನಶ್ಶಾಸ್ತ್ರದಮ್ಮ, ಯಾರ ಹತ್ತಿರವೂ ಒಂದು ಮಾತಿಲ್ಲ.

"ಎಂಥ ಮೌನ!" ಎಂದು ಜಿನೆವ್ರಾ ಎದೆಯ ಮೇಲೆ ಕೈಯಿಟ್ಟುಕೊಂಡಳು. ಅಜ್ಜಿಯ ಕೈಗೆ ಒಂದು ಹಳೆಯ ಚಪ್ಪಲಿ ಕೊಟ್ಟು, ಬಿದ್ದ ಇಗರ್ಜಿಯ ಮುಂದೆ ನಾಲ್ಕು ಸಲ ನಡೆಸಿದಳು.

ಸೆತ್ತಿಮಿಯೊ ತಡೆಯಲಾರದೆ, "ಡೈರೆಕ್ಟರಮ್ಮಾ, ಆ ಚಪ್ಪಲಿ ಇನೆಸ್ ಅವರದ್ದಲ್ಲ. ಅದು ಗಂಡಸರದ್ದು" ಎಂದ.

"ಅದೆಲ್ಲ ಯಾರು ನೋಡ್ತಾರೆ ಸೆತ್ತಿಮಿಯೊ? ಮುಖ್ಯ ಭಾವನೆ."

"ಹಂಗಾದ್ರೆ ಅಜ್ಜೀನೂ ಯಾಕೆ ಬೇಕು? ಆ ಚಪ್ಪಲಿ ಯಜಮಾನನ್ನೇ ಕರ್ಕೊಂಡ್ಬನ್ನಿ."

ಹೀಗೆಂದು ದೀಪವನ್ನು ನೆಲಕ್ಕಿಟ್ಟು ಅಜ್ಜಿಯ ತೋಳು ಹಿಡಿದು ಗೂಡಿಗೆ ಕರೆತಂದ. ಜಿನೆವ್ರಾ ಅದನ್ನೂ ಕ್ಯಾಮೆರಾದಲ್ಲಿ ತೆಗೆದುಕೊಂಡಳು. ಚೆನ್ನಾಗಿ ಬಂದಿತ್ತಂತೆ.

ಅವಳು ಔಷಧಿಯೆಲ್ಲ ತುಂಬಿಕೊಂಡು ಹೊರಟುಹೋದ ಮೇಲೆ ಸೆತ್ತಿಮಿಯೊ ತನ್ನ ಕ್ಯಾಮೆರಾ ಹೊರತೆಗೆದ. ಊಟದ ಶೆಡ್ಡಿನ ಮೂಲೆಯಲ್ಲಿ ಮುಕ್ಕಾಲಿಯ ಮೇಲೆ ಅದನ್ನು ನಿಲ್ಲಿಸಿದ.

"ಇದೇನಪ್ಪ, ನೀನೂ ನಮ್ಮನ್ನ ವಾಸಿ ಮಾಡ್ತೀಯಾ?" ಎಂದೆ.

"ನನ್ನ ಟೇಪೆಲ್ಲ ಹೋಯ್ತಲ್ಲ ಅಂಚೆಯಣ್ಣ. ಯಾರ ಮನೆ ಪಕ್ಕ ಯಾರ ಮನೆ ಇತ್ತು ಅನ್ನೋದೇ ಮರೀತಾ ಇದೀನಿ. ಅದಕ್ಕೆ ಕೇಳಿ ಇಟ್ಕೋತೀನಿ" ಎಂದ.

ಮೊದಲು ಕೂತವನು ಕಟುಕ ಓರೆಸ್ಟೆ. ಮಾಂಸ ಕಡಿಯುವಷ್ಟೇ ಸಲೀಸಾಗಿ ಸುಳ್ಳು ಹೇಳುವವನು. ಬೀದಿಯ ತುದಿಯಿಂದ ಶುರುಮಾಡಿದ. ಬಾವಿ, ಬೇಕರಿ, ಪಾದ್ರಿಯ ಮನೆ ಮುಗಿಸಿ, "ಆಮೇಲೆ ಅಕ್ಕ ತಂಗಿ ಮನೆ. ಕಂದು ಬಾಗಿಲು" ಎಂದ.

"ಹಸಿರು."

ಇಡೀ ಶೆಡ್ಡು ತಿರುಗಿ ನೋಡಿತು. ಚನ್ನಂಗಿ ಬೇಳೆಯ ಸೂಪಿನ ಬಟ್ಟಲ ಹಿಂದೆ ಕೂತಿದ್ದ ಎಲ್ವೇತ್ಸಿಯಜ್ಜಿ ಚಮಚ ಕೆಳಗಿಟ್ಟಿದ್ದಳು. ಏಳು ತಿಂಗಳಲ್ಲಿ ಅವಳ ಮೊದಲ ಮಾತು ಅದು.

"ಕಂದು ಅಂತೆ, ಕಂದು! ಮೂವತ್ತು ವರ್ಷ ನಮ್ಮ ಬಾಗಿಲ ಮುಂದೇನೇ ಓಡಾಡಿದೀಯ, ಕಣ್ಣೇನು ಹಂದಿ ಹೊಟ್ಟೇಲಿ ಬಿಟ್ಟು ಬರ್ತಿದ್ಯಾ? ಹಸಿರು ಬಳಿಯೋಣ ಅಂದಿದ್ದು ಅವಳು. ನಾನು ನೀಲಿ ಅಂದೆ. ಅದಕ್ಕೆ ಒಂದು ತಿಂಗಳು ಮಾತು ಬಿಟ್ಟಿದ್ವಿ, ಗೊತ್ತಾ ನಿಂಗೆ?"

ಓರೆಸ್ಟೆ ಎದ್ದು ಕುರ್ಚಿ ಬಿಟ್ಟುಕೊಟ್ಟ. ಅಜ್ಜಿ ಮುಕ್ಕಾಲು ಗಂಟೆ ಬೈದಳು. ಓರೆಸ್ಟೆಯನ್ನು, ಬಣ್ಣದವನನ್ನು, ಬಾಗಿಲ ಕೀಲನ್ನು, ಕೊನೆಗೆ ತಂಗಿಯನ್ನು. ಆ ಮಧ್ಯಾಹ್ನವೂ ಕೀಲಿಗೆ ಎಣ್ಣೆ ಹಾಕಲಿಲ್ಲವೆಂದು ಜಗಳವಾಗಿ, ತಾನು ಮುನಿಸಿಕೊಂಡು ತೋಟಕ್ಕೆ ಹೋಗಿದ್ದರಿಂದ ಬದುಕಿದೆ ಎಂದಳು. ಆಮೇಲೆ ಅತ್ತಳು.

ಸೆತ್ತಿಮಿಯೊ ಮೆಲ್ಲಗೆ, "ನಿಲ್ಲಿಸ್ಲಾ ಅಜ್ಜಿ?" ಎಂದು ಕೇಳಿದ.

"ಯಾಕೆ ನಿಲ್ಲಿಸ್ತೀಯ? ಇನ್ನೂ ಮುಗಿದಿಲ್ಲ" ಎಂದು ಕೈವಸ್ತ್ರದಲ್ಲಿ ಮೂಗು ಒರೆಸಿಕೊಂಡಳು.

ಮರುದಿನದಿಂದ ಶೆಡ್ಡಿನಲ್ಲಿ ಸಾಲು. ಅಜ್ಜಿ ಹೇಳಿದ್ದು ತಪ್ಪೆನ್ನಲು ಬೇಕರಿಯವಳು, ಬೇಕರಿಯವಳು ಹೇಳಿದ್ದು ತಪ್ಪೆನ್ನಲು ಪಾದ್ರಿ. ಹಾಳಾದ ಊರನ್ನು ನೆನೆದು ಅಳಲು ಯಾರಿಗೂ ಬಿಡುವಿರಲಿಲ್ಲ, ಅದು ಎಲ್ಲಿತ್ತು ಎಂದು ಜಗಳವಾಡುವುದಿತ್ತು. ಅಲ್ಲಿಯವರೆಗೆ ಖಾಲಿ ಕುರ್ಚಿಗಳ ಜೊತೆ ಕೂತಿರುತ್ತಿದ್ದ ಮನಶ್ಶಾಸ್ತ್ರದಮ್ಮ ಕೂಡ ಅಲ್ಲಿಗೇ ಬಂದು, ತನ್ನ ಚಿಕಿತ್ಸೆ ಫಲಿಸಿತೆಂದು ವರದಿ ಬರೆದಳು.

ಚಳಿಗಾಲದ ಒಂದು ಭಾನುವಾರ ಬೆಳಿಗ್ಗೆ ಸೆತ್ತಿಮಿಯೊ ಚಿತ್ರ ತೋರಿಸಿದ. ಅದರ ಉದ್ದ ಆರು ಗಂಟೆ ಹತ್ತು ನಿಮಿಷ. ಒಬ್ಬರೂ ಎದ್ದು ಹೋಗಲಿಲ್ಲ. ಹೊರಗೆ ಹಿಮ ಬೀಳುತ್ತಿತ್ತು ಎನ್ನುವುದನ್ನೂ ನಾನು ಮುಚ್ಚಿಡುವುದಿಲ್ಲ.

ಅದೇ ವಾರ ಹೊಸ ಊರಿನ ನಕ್ಷೆ ಹಿಡಿದು ಒಬ್ಬ ಎಂಜಿನಿಯರ್ ಬಂದ. ನೇರ ನೇರ ರಸ್ತೆಗಳು, ಬಾವಿಯ ಜಾಗದಲ್ಲಿ ಕಾರು ನಿಲ್ಲಿಸುವ ಬಯಲು. ನಮ್ಮವರು ಅವನನ್ನು ಚಿತ್ರದ ಮುಂದೆ ಕೂರಿಸಿದರು.

"ಇದರಲ್ಲೇ ಸ್ವಲ್ಪ ಚಿಕ್ಕದು ಇದೆಯಾ?" ಎಂದು ಪಾಪ ವಿನಯದಿಂದಲೇ ಕೇಳಿದ.

"ಇಲ್ಲ ಸ್ವಾಮಿ, ನಮ್ಮೂರು ಇಷ್ಟೇ ಉದ್ದ" ಎಂದ ಸೆತ್ತಿಮಿಯೊ.

ಮೂರನೇ ಗಂಟೆಗೆ ಎಂಜಿನಿಯರ್ ಪೆನ್ಸಿಲ್ ತೆಗೆದ. ಬಾವಿ ಬಾವಿಯ ಜಾಗಕ್ಕೇ ಬಂತು, ಬೀದಿಗೆ ಅದರ ಸೊಟ್ಟ ತಿರುವು ವಾಪಸಾಯಿತು. ಸರ್ಕಾರದ ಕೆಲಸವಾದ್ದರಿಂದ ಮನೆಗಳೇಳಲು ಇನ್ನೂ ಆರು ವರ್ಷ ಹಿಡಿಯಿತು. ಅಷ್ಟರಲ್ಲಿ ಜಿನೆವ್ರಾಳ ಚಿತ್ರ ಎರಡು ಬಹುಮಾನ ಪಡೆದಿತ್ತು. ಸೆತ್ತಿಮಿಯೊನ ಚಿತ್ರವನ್ನು ಒಂದು ಉತ್ಸವಕ್ಕೆ ನಾನೇ ಅಂಚೆಯಲ್ಲಿ ಕಳಿಸಿದ್ದೆ. ಪೊಟ್ಟಣ ಬಿಚ್ಚದೆಯೇ ಹಿಂದಿರುಗಿತು.

ಆದರೆ ಸುದ್ದಿ ಹೇಗೋ ಗುಡ್ಡದ ಕೆಳಗಿನ ಬಯಲಿಗೆ ಇಳಿಯಿತು. ಹೊಳೆ ನುಗ್ಗಿ ಹಾಳಾದ ಒಂದು ಊರಿನವರು ಹೇಳಿಕಳಿಸಿದರು. ಸೆತ್ತಿಮಿಯೊ ಬಸ್ಸಿನಲ್ಲಿ ಹೊರಟ, ಜೊತೆಗೆ ಎಲ್ವೇತ್ಸಿಯಜ್ಜಿ. ಅವಳ ಕೆಲಸ ಅಲ್ಲಿನವರ ನಡುವೆ ಕೂತು ಬೇಕೆಂದೇ ತಪ್ಪು ಹೇಳುವುದು. ಮೊದಲ ದಿನವೇ, ಎಂದೂ ನೋಡಿರದ ಆ ಊರಿನ ಸೇತುವೆ ಮರದ್ದು ಎಂದಳಂತೆ. ಗೋಡೆಗೆ ಮುಖ ಮಾಡಿ ಕೂತಿದ್ದ ಮುದುಕನೊಬ್ಬ ತಟ್ಟನೆ ತಿರುಗಿ, "ಯಾರಮ್ಮ ನೀನು? ಅದು ಕಲ್ಲಿಂದು, ನಮ್ಮಪ್ಪ ಕಟ್ಟಿದ್ದು!" ಎಂದು ಕೂಗಿದ. ಸೆತ್ತಿಮಿಯೊ ಅವನಿಗೆ ಕುರ್ಚಿ ಎಳೆದು ಹಾಕಿದ. ಅಜ್ಜಿ, "ಮರದ್ದೇ ಇರ್ಬೇಕಪ್ಪ, ಸರಿಯಾಗಿ ನೆನಪು ಮಾಡ್ಕೋ" ಎಂದು ತನ್ನ ಹೆಣಿಗೆ ಮುಂದುವರಿಸಿದಳು.