ಮಂಗಳವಿಲ್ಲದ ಸಾವು

ಮದ್ರಾಸಿಗೆ ಬಂದ ಮೂರನೆಯ ದಿನವೇ ನನ್ನನ್ನು ಕೊಂದರು. ಸಿನೆಮಾದಲ್ಲಿ ನಾನು ರಾಜಕುಮಾರಿಯ ಸಖಿ; ರಾಕ್ಷಸನ ಕತ್ತಿಗೆ ಸಿಕ್ಕೆ. ಬಿದ್ದೆ, ಪ್ರಾಣ ಬಿಟ್ಟೆ, ಆಮೇಲೆ ಎದ್ದು ಕೈಮುಗಿದು ಮಂಗಳದ ಹಾಡು ಎತ್ತಿಕೊಂಡೆ. ಸ್ಟುಡಿಯೋದವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು.

ನನ್ನ ಕಥೆ ಬರೆದುಕೊಳ್ಳಲು ಬಂದಿದ್ದೀರಿ ಕಂಪ್ಲಿಯವರೇ, ನಗುವಂಥದ್ದೇನಿತ್ತು, ನೀವೇ ಹೇಳಿ. ನಮ್ಮ ನಾಟಕ ಕಂಪನಿಯಲ್ಲಿ ಪಾತ್ರ ಮಾಡುತ್ತಿದ್ದ ಅವ್ವ ನನಗೆ ಕಲಿಸಿದ್ದೇ ಹಾಗೆ. ಆಟದಲ್ಲಿ ಸತ್ತವರು ಕೊನೆಗೆ ಎದ್ದುಬಂದು ಎಲ್ಲರೊಡನೆ ನಿಂತು ಮಂಗಳ ಹಾಡಲೇಬೇಕು; ಇಲ್ಲದಿದ್ದರೆ ಆ ಸಾವು ಮೈಗೆ ಅಂಟಿಕೊಳ್ಳುತ್ತದೆ ಎಂದು ಆಕೆ ನಂಬಿದ್ದಳು. ಸಿನೆಮಾದಲ್ಲಿ ಸತ್ತವರನ್ನು ಕೇಳುವವರಿಲ್ಲ. 'ಪೋ' ಎನ್ನುತ್ತಾರೆ, ಹೋಗು ಎಂದು. ನಾನು ಮೊದಲು ಕಲಿತ ತಮಿಳು ಅದೇ.

ಆಮೇಲೆ ಎಷ್ಟು ಸಲ ಸತ್ತೆನೋ ಲೆಕ್ಕವಿಲ್ಲ. ಹಾವು ಕಚ್ಚಿತು, ಕೋಟೆಯಿಂದ ತಳ್ಳಿದರು, ನಾಯಕನಿಗೆ ಬಂದ ಬಾಣಕ್ಕೆ ಎದೆ ಕೊಟ್ಟೆ. ನಾಯಕಿ ಮಾತ್ರ ಎಂದೂ ಆಗಲಿಲ್ಲ. ಸಿನೆಮಾದ ಹೆಂಗಸಿಗೆ ಅಲ್ಲಿ ಯಾರೂ ಮನೆ ಕೊಡುವುದಿಲ್ಲ. ಹೊಲಿಗೆಯವಳೆಂದು ಸುಳ್ಳು ಹೇಳಿ ಒಂದು ಕೋಣೆ ಹಿಡಿದೆ. ಬಾವಿಯ ನೀರು ಉಪ್ಪು. ತುಂಗಭದ್ರೆಯ ನೀರು ಕುಡಿದವಳಿಗೆ ತಿಂಗಳಾದರೂ ಗಂಟಲಲ್ಲಿ ಇಳಿಯಲಿಲ್ಲ. ರೊಟ್ಟಿ ಬಡಿದರೆ ಮನೆಯೊಡತಿ ಬಾಗಿಲಿಗೆ ಬಂದು "ಎನ್ನ ಸತ್ತಂ?" ಎನ್ನುವಳು. ಏನು ಸದ್ದು ಎಂದು ಕೇಳುವುದು; ಸತ್ತಂ ಎಂದರೆ ಸದ್ದು. ನನಗೆ ಮಾತ್ರ ಯಾರೋ ಸತ್ತರೆಂದೇ ಕೇಳಿಸುತ್ತಿತ್ತು.

ಒಮ್ಮೆ ನನ್ನ ಚಿತ್ರ ಹೊಸಪೇಟೆಯ ಟೆಂಟಿಗೆ ಬಂತು. ಸೋದರಮಾವ ಅವ್ವನನ್ನು ಕರೆದುಕೊಂಡು ಹೋದ. ಅದರಲ್ಲಿ ನಾನು ಬೆಂಕಿಗೆ ಬಿದ್ದು ಸಾಯುತ್ತೇನೆ. ಆಟ ಮುಗಿದು ಜನವೆಲ್ಲ ಹೋದರೂ ಅವ್ವ ಏಳಲಿಲ್ಲವಂತೆ.

"ತಡಿಯೋ, ಮಂಗಳ ಆಗ್ಲಿ. ಹುಡುಗಿ ಬರ್ತಾಳ."

ಕೊನೆಗೆ ಟೆಂಟಿನವರೇ ಎಬ್ಬಿಸಿ ಕಳಿಸಿದರು. ಆ ಮಳೆಗಾಲದಲ್ಲಿ ಆಕೆಗೆ ವಿಷಮಜ್ವರ ಬಂತು. ಜ್ವರ ಇಳಿಯಿತು, ಬುದ್ಧಿ ನೆಟ್ಟಗಾಗಲಿಲ್ಲ. ಮಗಳು ಬೆಂಕಿಯಲ್ಲಿ ಹೋದಳೆಂದು ಬಂದವರ ಮುಂದೆಲ್ಲ ಅಳುತ್ತಾಳೆ, ಒಮ್ಮೆ ಬಂದು ಮುಖ ತೋರಿಸು ಎಂದು ಮಾವ ಕಾಗದ ಬರೆದ. ನನ್ನನ್ನು ನೋಡಿದರೆ ಸರಿಹೋದಾಳು ಎಂಬ ಆಸೆಯಿಂದಲೇ ಗುಂತಕಲ್ಲಿನಲ್ಲಿ ಗಾಡಿ ಬದಲಿಸಿ ಊರಿಗೆ ಬಂದೆ.

"ಅವ್ವಾ, ನಾನು" ಎಂದೆ. ಹೊರಸಿನ ಮೇಲಿದ್ದವಳು ಸೆರಗು ಸರಿಮಾಡಿಕೊಂಡು, ನನ್ನ ಹಿಂದೆ ಯಾರು ಬಂದರೆಂದು ನೋಡಿದಳು. ಮತ್ತೇನು ಮಾಡಲಿ? ಅಂಗಳದಲ್ಲೇ ನಿಂತು, ಕೈಮುಗಿದು, ಆಕೆ ಕಲಿಸಿದ ಧಾಟಿಯಲ್ಲೇ ಮಂಗಳವನ್ನು ಪೂರ್ತಿ ಹಾಡಿದೆ. ಮಾವ ಮುಖ ತಿರುಗಿಸಿ ಅಳುತ್ತಿದ್ದ. ಅವ್ವ ತಲೆದೂಗುತ್ತ ಕೇಳಿದಳು.

"ಭಾಳ ಚಲೋ ಹಾಡಿದ್ರಿ. ನನ್ನ ಮಗಳೂ ಹಿಂಗ ಹಾಡ್ತಿದ್ಲು. ಕುಂದ್ರಿ. ಯಾವೂರ್ರಿ ನಿಮ್ದು?"

ಹುಟ್ಟಿದಾಗಿನಿಂದ ಅವ್ವ ನನ್ನನ್ನು 'ಲೇ' ಎಂದಲ್ಲದೆ ಕರೆದವಳಲ್ಲ. ಮಾವನ ಮುಖ ನೋಡಿದೆ, ಅವನು ನೆಲ ನೋಡುತ್ತಿದ್ದ.

"ಮದ್ರಾಸ್ರಿ" ಎಂದೆ.