ಇವಳಲ್ಲ ಅಂದವನು

ಗಂಡನ ಮನೆ ಬಿಟ್ಟು ಬಂದವಳು ಮತ್ತೆ ಆ ಹೊಸಿಲು ತುಳಿಯಬಾರದು, ನಮ್ಮ ಕಡೆ ಹಾಗೆ. ನಾನೂ ತುಳಿಯಲಿಲ್ಲ. ಅದರಿಂದಲೇ ಕೆಟ್ಟೆ.

ಗಂಡನ ಊರು ಮಾಂಬಳ್ಳಿ. ಅವನು ಇನ್ನೊಬ್ಬಳನ್ನು ತಂದುಕೊಂಡ ಮೇಲೆ ನಾನು ಕೊಳ್ಳೇಗಾಲಕ್ಕೆ ಬಂದು ರೇಷ್ಮೆ ನೂಲು ತೆಗೆಯುವ ಕೆಲಸಕ್ಕೆ ಸೇರಿದೆ. ಏಳು ವರ್ಷದ ಮಗಳನ್ನು ಅವನು ಬಿಡಲಿಲ್ಲ. ಮಗುವನ್ನು ತಾಯಿಗೆ ಒಪ್ಪಿಸಿ ಅಂತ ಫ್ಯಾಮಿಲಿ ಕೋರ್ಟು ಬರೆಯಿತು. ಬರೆದದ್ದು ಬಂತು, ಮಗು ಬರಲಿಲ್ಲ.

ಆರ್ಡರು ಹಿಡಿದು ಹೋಗುವ ಅಮೀನನಿಗೆ ಮಗುವಿನ ಮುಖ ಗೊತ್ತಿಲ್ಲ. ಇದೇ ಮಗು ಅಂತ ನಮ್ಮ ಕಡೆಯವರು ಒಬ್ಬರು ಗುರುತು ತೋರಿಸಬೇಕು. ಹನೂರಿನಲ್ಲಿದ್ದ ನನ್ನ ತಮ್ಮ, "ನೀನ್ಯಾಕಕ್ಕ ಆ ಮನೆ ಬಾಗ್ಲಿಗೆ ಓಗ್ಬೇಕು? ನಾನ್ ಓಯ್ತೀನಿ" ಅಂದ. ವಕೀಲರ ಹತ್ತಿರವೂ ಅವನೇ ಓಡಾಡಿದ. ಮೂರು ಸಲ ಅಮೀನನ ಜೊತೆ ಹೋದ. ಮೂರು ಸಲವೂ ಬಂದು, "ಮಗಿನ್ನ ಎಲ್ಲೋ ಬಚ್ಚಿಟ್ಟವ್ರೆ ಕಣಕ್ಕ" ಅಂದ. ಬಂದಾಗಲೆಲ್ಲ ಕೋಳಿ ಕುಯ್ದು ಹಾಕಿದೆ.

ನಾಲ್ಕು ವರ್ಷ ಹೀಗೇ. ಕೊನೆಗೆ ವಕೀಲರು ಬೆಂಗಳೂರಿಗೆ, ಹೈಕೋರ್ಟಿಗೆ ಹಾಕಿದರು. ಇಷ್ಟು ವರ್ಷ ಏನು ಮಾಡುತ್ತಿದ್ದಿರಿ, ಅಮೀನನ ವರದಿ ಎಲ್ಲ ಕಳಿಸಿ ಅಂತ ಅಲ್ಲಿನ ಜಡ್ಜು ಕೆಳಗಿನ ಕೋರ್ಟನ್ನು ಕೇಳಿದರಂತೆ. ಆ ವರದಿಗಳ ನಕಲು ವಕೀಲರಿಗೂ ಬಂತು. ನನಗೆ ಹೆಸರು ಬರೆಯಲು ಬರುತ್ತದೆ, ಅಷ್ಟೇ. ಅವರೇ ಓದಿದರು. ಓದುತ್ತಾ ನಿಲ್ಲಿಸಿ ನನ್ನ ಮುಖ ನೋಡಿದರು.

"ಜಗಲಿಯ ಮೇಲೆ ಒಂದು ಹೆಣ್ಣು ಮಗು ಕುಳಿತಿತ್ತು. ಇದು ಆ ಮಗು ಅಲ್ಲವೆಂದು ಅರ್ಜಿದಾರಳ ತಮ್ಮ ಹೇಳಿದ್ದರಿಂದ ವಾಪಸ್ಸು ಬಂದೆ."

ಮೂರು ವರದಿಯಲ್ಲೂ ಅದೇ.

"ಸರ್ಯಾಗ್ ಓದುದ್ರಾ ಸಾ?" ಅಂದೆ. ಇನ್ನೊಂದು ಸಲ ಓದಿದರು.

ಅವತ್ತೇ ಹನೂರಿಗೆ ಹೋದೆ. ತಮ್ಮ ಎತ್ತಿಗೆ ಹುಲ್ಲು ಹಾಕುತ್ತಿದ್ದ.

"ಲೇ, ನನ್ ಮಗಳ ಗುರ್ತು ನಿಂಗೆ ಸಿಗ್ನಿಲ್ವಾ?"

ತಲೆ ಎತ್ತಲಿಲ್ಲ. "ಅವ್ಳನ್ನ ನನ್ ಮಗನ್ಗೆ ಕೊಡ್ತೀನಿ ಅಂತ ಬಾವ ಮಾತು ಕೊಟ್ಟವ್ನೆ. ನಿನ್ ತಾವ ಬಂದ್ರೆ ಇಸ್ಕೂಲು ಅಂತ ಕುಂತ್ಕತಿದ್ದೆ. ಕೊಡ್ತಿದ್ದಾ?"

"ಕೊಡ್ತಿರ್ನಿಲ್ಲ."

"ಮತ್ತೆ?"

ನನ್ನನ್ನೇ ಕೇಳಿದ, ಮತ್ತೆ ಅಂತ.

"ತಿಂದ ಕೋಳಿನೆಲ್ಲ ಕಕ್ಲಾ" ಅಂದು ಹೊರಟು ಬಂದೆ. ತಮ್ಮನ ಹೆಂಡತಿ ತಂದಿಟ್ಟ ಕಾಫಿ ಅಲ್ಲೇ ಇತ್ತು.

ಹೈಕೋರ್ಟು ಗಡುವು ಹಾಕಿತ್ತು. ಈ ಸಲ ಅಮೀನನ ಜೊತೆ ನಾನೇ ಹೋದೆ. ಹೊಸಿಲು ತುಳಿದೆ. ಏನೂ ಆಗಲಿಲ್ಲ. ಮಗಳಿಗೆ ಹನ್ನೊಂದಾಗಿತ್ತು. "ಇವ್ಳೇ ಸಾ" ಅಂದೆ.

ಅವಳು ನನ್ನನ್ನು ಅಡಿಯಿಂದ ಮುಡಿವರೆಗೆ ನೋಡಿದಳು. "ಮಾವ ಬಂದಾಗೆಲ್ಲ ಇಲ್ಲೇ ಕುಂತಿದ್ದೆ. ಇವ್ಳಲ್ಲ ಅಂದ. ನೀನೇ ಅಂಗನ್ನು ಅಂತ ಏಳಿ ಕಳ್ಸಿದ್ದೆ ಅಂತ ಅಪ್ಪ ಏಳ್ತು."

"ನಾನ್ ಏಳಿಲ್ಲ ಕಣೆ."

"ಮತ್ಯಾಕ್ ನೀನ್ ಬರ್ನಿಲ್ಲ?"

ಹೊಸಿಲಿನ ಮಾತು ಹೇಳಲು ಬಾಯಿ ಬರಲಿಲ್ಲ. ಅದರ ಮೇಲೇ ನಿಂತಿದ್ದೆ.

ಮಗು ಒಪ್ಪಿಸಲಾಗಿದೆ ಅಂತ ಅಮೀನ ಬರೆದ. ನಾನು ರುಜು ಹಾಕಿದೆ. ಬಸ್ಸಿನಲ್ಲಿ ಅವಳು ಮುಂದಿನ ಸೀಟಿಗೆ ಹೋಗಿ ಯಾರೋ ಹೆಂಗಸಿನ ಪಕ್ಕ ಕುಳಿತಳು.