ಶೀಟ್ ಇಲ್ಲ, ಗೋಡೆ ಇದೆ

ಕಳೆದ ವಾರ ಕೋರ್ಟಿನ ಅಮೀನರು ಮರ್ಫಿ ಟೌನಿನ ನಮ್ಮ ಮನೆಗೆ ಬಂದಾಗ ನಾನು ಒಳ್ಳೆಯ ಸೀರೆ ಉಟ್ಟುಕೊಂಡಿದ್ದೆ. ನಗಬೇಡಿ. ಗೆದ್ದ ಕೇಸಿನ ತೀರ್ಪು ಮನೆ ಬಾಗಿಲಿಗೆ ಬರಲಿ ಎಂದು ವರ್ಷಗಟ್ಟಲೆ ಕಾದವಳು ಅಷ್ಟಾದರೂ ಮಾಡಬೇಡವೇ?

ಕಥೆ ಇಷ್ಟೇ. ನಮ್ಮ ಹಿಂಬಾಗಿಲಿಗೂ ಶಮೀಮ್ ಆಪಾ ಅವರ ಹಿಂಬಾಗಿಲಿಗೂ ನಡುವೆ ಒಂದು ಓಣಿ. ಇಬ್ಬರು ಎದುರಾದರೆ ಒಬ್ಬರು ಪಕ್ಕಕ್ಕೆ ಸರಿಯಬೇಕು, ಅಷ್ಟೇ ಅಗಲ. ಅದು ತಮ್ಮದೆಂದು ಮೂಲೆ ಮನೆಯ ಯಜಮಾನರು ನಮ್ಮ ಬಾಗಿಲಿಗೆ ಅಡ್ಡವಾಗಿ ತಗಡಿನ ಶೀಟ್ ಹೊಡೆಸಿದರು. ನಾನು ಕೋರ್ಟಿಗೆ ಹೋದೆ. ಓಣಿ ಎಲ್ಲರದು, ಶೀಟ್ ತೆಗೆಯಿರಿ ಎಂದು ತೀರ್ಪೂ ಬಂತು. (ಅವತ್ತು ಬೀದಿಗೆಲ್ಲ ಮೈಸೂರ್ ಪಾಕ್ ಹಂಚಿದೆ. ಮೂಲೆ ಮನೆಯವರೂ ತಿಂದರು.)

ಶೀಟ್ ಮಾತ್ರ ತೆಗೆಯಲಿಲ್ಲ. ತೆಗೆಸಲು ಮತ್ತೊಂದು ಅರ್ಜಿ ಹಾಕಬೇಕಂತೆ. ಅದಕ್ಕೂ ವಾಯಿದೆ ಮೇಲೆ ವಾಯಿದೆ. ಗೆಲ್ಲುವುದು ಬೇರೆ, ಸಿಗುವುದು ಬೇರೆ ಎಂದು ನನಗೆ ಯಾರೂ ಹೇಳಿರಲಿಲ್ಲ.

ರೋಡಿನಿಂದ ಸುತ್ತಿಕೊಂಡು ಹೋಗಬಾರದೇ ಅನ್ನುತ್ತೀರಾ? ಆಪಾಗೆ ಮಂಡಿ ನೋವು, ಅವರು ಬರಲಾರರು. ನಾನು ಹೋಗುತ್ತೇನೆ. ಆದರೆ ಮುಂಬಾಗಿಲಿಂದ ಹೋದರೆ ನಾನು ನೆಂಟಳು. ಆಪಾ ಕುರ್ಚಿ ಒರೆಸುತ್ತಾರೆ, ಸೊಸೆ ಚಹಾ ತರುತ್ತಾಳೆ, ಎಲ್ಲರೂ ಆರೋಗ್ಯ ವಿಚಾರಿಸುತ್ತಾರೆ. ಹಿಂಬಾಗಿಲಲ್ಲಿ ಅದೆಲ್ಲ ಇರಲಿಲ್ಲ. ಅವರು ಬಟಾಣಿ ಬಿಡಿಸುತ್ತಿದ್ದರು, ನಾನು ಹೊಸ್ತಿಲ ಮೇಲೆ ಕೂತಿರುತ್ತಿದ್ದೆ. ನಮ್ಮವರು ಹೋದ ಮೇಲೆ ನನ್ನ ಜೊತೆ ಸುಮ್ಮನೆ ಕೂರಲು ಇದ್ದವರು ಅವರೊಬ್ಬರೇ. ಸುಮ್ಮನೆ ಕೂರಬೇಕು ಎಂದು ಯಾರ ಮನೆಯ ಬೆಲ್ ಒತ್ತಲಾಗುತ್ತದೆ, ಹೇಳಿ?

ಸರಿ, ಅಮೀನರು ಹಿಂಬಾಗಿಲು ತೆಗೆಸಿದರು. ಆದೇಶ ಓದಿದರು. ಎದುರಿಗೆ ನೋಡಿದರು. ಮತ್ತೆ ಓದಿದರು.

"ಮೇಡಂ, ಆರ್ಡರಲ್ಲಿ ತಗಡಿನ ಶೀಟ್ ಅಂತಿದೆ. ಇಲ್ಲಿ ಶೀಟೇ ಇಲ್ವಲ್ಲ."

ಇರಲಿಲ್ಲ, ನಿಜ. ನಾವು ವಾಯಿದೆಗೆ ಅಲೆಯುತ್ತಿದ್ದಾಗ ಮೂಲೆ ಮನೆಯ ಯಜಮಾನರು ಶೀಟ್ ಕಿತ್ತು ಅದೇ ಜಾಗದಲ್ಲಿ ಇಟ್ಟಿಗೆ ಗೋಡೆ ಕಟ್ಟಿಸಿದ್ದರು. ಪ್ಲಾಸ್ಟರಿಂಗೂ ಆಗಿತ್ತು. ವಕೀಲರಿಗೆ ಅವತ್ತೇ ಹೇಳಿದ್ದೆ. "ಎಲ್ಲಾ ಒಂದೇ ಬಿಡಿ" ಅಂದಿದ್ದರು.

"ಗೋಡೆ ಒಡೆಸೋಕೆ ನಂಗೆ ಪವರ್ ಇಲ್ಲ ಮೇಡಂ, ಬೇಜಾರ್ ಮಾಡ್ಕೋಬೇಡಿ" ಎಂದ ಅಮೀನರು, ಸ್ಥಳದಲ್ಲಿ ಶೀಟ್ ಕಂಡುಬಂದಿಲ್ಲ ಎಂದು ಬರೆದುಕೊಂಡು, ನೀರು ಕುಡಿದು ಹೊರಟರು. (ಆ ಕಾಗದ ಓದಿದವರು ಮೂಲೆ ಮನೆಯವರು ಎಷ್ಟು ವಿಧೇಯರು ಅಂದುಕೊಳ್ಳಬೇಕು.)

ವಕೀಲರಿಗೆ ಫೋನ್ ಮಾಡಿದೆ. "ಇನ್ನೊಂದ್ ಅರ್ಜಿ ಹಾಕೋಣ. ಅವ್ರು ತಕರಾರು ತೆಗೀತಾರೆ. ಆಮೇಲೆ ನೋಡೋಣ" ಅಂದರು.

ಫೋನ್ ಇಟ್ಟಾಗ ಗೋಡೆಯಾಚೆಯಿಂದ ಆಪಾ ದನಿ ಕೇಳಿತು.

"ಏನಂದ್ರು? ಒಡೀತಾರಂತಾ?"

"ಒಡೀತಾರೆ ಆಪಾ. ಸ್ವಲ್ಪ ಲೇಟಾಗುತ್ತೆ."

ಆಪಾ ಮೆಲ್ಲಗೆ ಹೇಳಿದರು. "ಮಗ ರಾಮಮೂರ್ತಿ ನಗರದಲ್ಲಿ ಮನೆ ನೋಡ್ಬಿಟ್ಟಿದಾನೆ. ತಿಂಗಳ ಕೊನೇಲಿ ಹೋಗ್ತೀವಿ. ನಿಮ್ದು ಆರ್ಡರ್ ಕೆಲ್ಸ ಮುಗೀಲಿ, ಆಮೇಲೆ ಹೇಳೋಣ ಅಂತಿದ್ದೆ."

ನಾನು ಗೋಡೆ ಕಡೆ ಮುಖ ಮಾಡಿ ಹೊಸ್ತಿಲ ಮೇಲೆ ಕೂತೆ. ಅಳು ಬಂತು, ಅತ್ತುಬಿಟ್ಟೆ. ಆಚೆ ಅವರೂ ಕೂತಿದ್ದರೋ, ಒಳಗೆ ಹೋಗಿದ್ದರೋ ಗೊತ್ತಾಗಲಿಲ್ಲ.

ಗೋಡೆ ಎಂದಾದರೂ ಬೀಳುತ್ತದೆ, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಅದು ಬೀಳುವ ದಿನ ಆಚೆ ಬಾಗಿಲಲ್ಲಿ ಆಪಾ ಕೂತಿರಬೇಕು ಎಂದು ಯಾವ ಕೋರ್ಟಿಗೆ ಅರ್ಜಿ ಹಾಕಲಿ?